ಹುಣಸೆ ಬೀಜ: ಹುರಿದು ತಿನ್ನಲು, ಪುಡಿ ಮಾಡಲು, ಅಂಟು ಕಾಯಿಸಲು

ಮಾರ್ಚ್ ಬಂತೆಂದರೆ ತುಮಕೂರು, ಪಾವಗಡ, ಚಿಂತಾಮಣಿ ಕಡೆ ಹುಣಸೆ ಬಡಿಯುವ, ಕುಟ್ಟುವ ಕೆಲಸ ಜೋರು. ಹಣ್ಣು ಮಂಡಿಗೆ ಹೋಗುತ್ತದೆ, ಬೀಜ ಗೋಣಿಚೀಲದಲ್ಲಿ ಮೂಲೆ ಸೇರುತ್ತದೆ. ಆಮೇಲೆ ಯಾರೋ ಬಂದು ತಾನು ಹೇಳಿದ ಬೆಲೆಗೆ ತೂಗಿಕೊಂಡು ಹೋಗುತ್ತಾನೆ. 100 ಕೆಜಿ ಕಾಯಿ ಒಡೆದರೆ ಹುಳಿ ಸಿಗುವುದು ಸುಮಾರು 55 ಕೆಜಿ, ಬೀಜ 33-34 ಕೆಜಿ, ಉಳಿದದ್ದು ಓಡು ಮತ್ತು ನಾರು. ಅಂದರೆ ಕಾಯಿಯ ಮೂರನೇ ಒಂದು ಭಾಗ ಬೀಜವೇ. ಅಷ್ಟನ್ನೂ ಕಸದ ಲೆಕ್ಕಕ್ಕೆ ಬಿಡುವುದಕ್ಕೆ ಒಂದೇ ಕಾರಣ: ಅದರ ಸಿಪ್ಪೆ ಬಿಡಿಸುವುದು ತಲೆನೋವಿನ ಕೆಲಸ. ಸಿಪ್ಪೆ ಸರಿಯಾಗಿ ಬಿಟ್ಟರೆ ತಿನ್ನುವುದು, ಹಿಟ್ಟು ಮಾಡುವುದು, ಅಂಟು ಕಾಯಿಸುವುದು ಎಲ್ಲವೂ ಸಲೀಸು. ಅಲ್ಲಿ ಎಡವಿದರೆ ಮುಂದಿನ ಯಾವ ಕೆಲಸವೂ ಹದಕ್ಕೆ ಬರುವುದಿಲ್ಲ. ಹಾಗಾಗಿ ಇಲ್ಲಿ ಹೆಚ್ಚು ಜಾಗ ಅದಕ್ಕೇ ಕೊಟ್ಟಿದೆ.

ಗೊಂದಲ ಬೇಡವೆಂದು ಮೊದಲೇ ಹೇಳಿಬಿಡುವುದು ಒಳ್ಳೆಯದು. ಈ ಲೇಖನದಲ್ಲಿ ‘ಸಿಪ್ಪೆ’ ಎಂದರೆ ಬೀಜದ ಮೇಲಿನ ಹೊಳೆಯುವ ಕಂದು ಹೊದಿಕೆ, ‘ಬೇಳೆ’ ಎಂದರೆ ಅದರೊಳಗಿನ ಬಿಳಿ ಭಾಗ. ಹುಣಸೆ ಮರವೂ ತೊಗರಿ, ಹೊಂಗೆಗಳ ಬಳಗದ್ದೇ, ಆದ್ದರಿಂದ ಬೇಳೆ ಎನ್ನುವುದರಲ್ಲಿ ತಪ್ಪೇನೂ ಇಲ್ಲ.

ಬೀಜದ ತೂಕದಲ್ಲಿ ಬೇಳೆ ಶೇ 70-75 ಇರುತ್ತದೆ. ಅದರಲ್ಲಿ ಪ್ರೋಟೀನ್ ಶೇ 15-20, ಎಣ್ಣೆ ಶೇ 6-8. ಉಳಿದದ್ದರಲ್ಲಿ ಬಹುಪಾಲು ನೀರು ಹೀರಿ ಲೋಳೆಯಾಗುವ ಕ್ಸೈಲೋಗ್ಲೂಕನ್ ಎಂಬ ಪದಾರ್ಥ. ಅಂಟಿನ ಗುಣವೆಲ್ಲ ಇದರದ್ದೇ. ಡೆಹ್ರಾಡೂನಿನ ಅರಣ್ಯ ಸಂಶೋಧನಾ ಸಂಸ್ಥೆಯಲ್ಲಿದ್ದ ಘೋಷ್ ಮತ್ತು ಕೃಷ್ಣ ಎಂಬ ವಿಜ್ಞಾನಿಗಳು 1942ರಲ್ಲಿ ಇದನ್ನು ಬರೆದು ಪ್ರಕಟಿಸಿದ ಮೇಲೆ ಬಟ್ಟೆ ಗಿರಣಿಗಳು ನೂಲಿಗೆ ಗಂಜಿ ಹಾಕಲು ಮೆಕ್ಕೆಜೋಳದ ಪಿಷ್ಟದ ಬದಲು ಹುಣಸೆ ಬೇಳೆ ಪುಡಿಯತ್ತ ತಿರುಗಿದವು. ಇಂದು ಜಪಾನಿನಲ್ಲಿ ಸಾಸ್, ನೂಡಲ್ಸ್, ಐಸ್‌ಕ್ರೀಮುಗಳಿಗೆ ಹದ ಕೊಡಲು ಶುದ್ಧೀಕರಿಸಿದ ಹುಣಸೆ ಬೀಜದ ಅಂಟನ್ನು ಬಳಸುತ್ತಾರೆ. ಒಣಗಣ್ಣಿಗೆ ಹಾಕುವ ಕೆಲವು ಔಷಧದ ಹನಿಗಳಲ್ಲೂ ಇದೇ ಪದಾರ್ಥವಿದೆ. (ಮನೆಯಲ್ಲಿ ಕಾಯಿಸಿದ್ದನ್ನು ಕಣ್ಣಿನ ಹತ್ತಿರವೂ ತರಬೇಡಿ.)

ಸಿಪ್ಪೆಯ ಸ್ವಭಾವವೇ ಬೇರೆ. ಅದರ ತುಂಬ ಟ್ಯಾನಿನ್, ಅಂದರೆ ಒಗರು. ಬಾಯಿಗೆ ಒಗರು, ಹೊಟ್ಟೆಗೆ ಭಾರ, ಹೆಚ್ಚು ತಿಂದರೆ ಮಲಬದ್ಧತೆ. ಅಂಟಿಗೆ ಸೇರಿದರೆ ಬಣ್ಣ ಕೆಡಿಸುತ್ತದೆ.

ಬೀಜ ಆರಿಸುವುದು, ತೊಳೆಯುವುದು

ಅದೇ ವರ್ಷದ ಬೀಜವೇ ಆಗಲಿ. ಮೊದಲು ಬೀಜದ ಮೈ ನೋಡಿ. ಗುಂಡುಸೂಜಿ ತಲೆಗಿಂತ ದೊಡ್ಡ ದುಂಡು ತೂತು ಕಂಡರೆ ಒಳಗೆ ಹುಳು ಕೆಲಸ ಮುಗಿಸಿದೆ ಎಂದರ್ಥ. ಚೀಲದ ಹೊಲಿಗೆಯಲ್ಲಿ, ಮೂಲೆಗಳಲ್ಲಿ ಕಾಗದದಂಥ ಬಿಳಿ ಗೂಡುಗಳು ಅಂಟಿಕೊಂಡಿದ್ದರೆ ಅದು ಹುಣಸೆಯಲ್ಲೂ ಕಡಲೆಕಾಯಿಯಲ್ಲೂ ಬೆಳೆಯುವ ಬೀಜದ ದುಂಬಿ. ಪಾವಗಡ, ಚಳ್ಳಕೆರೆ ಕಡೆ ಎರಡೂ ಬೆಳೆ ಒಂದೇ ಮನೆಯಲ್ಲಿರುವುದು ಮಾಮೂಲು. ಹುಣಸೆ ಬೀಜದ ಚೀಲವನ್ನು ಕಡಲೆಕಾಯಿ ದಾಸ್ತಾನಿನ ಪಕ್ಕದಲ್ಲಿ ಇಡಲೇಬೇಡಿ. ಹುಳು ಇಲ್ಲಿಂದ ಅಲ್ಲಿಗೆ ದಾಟಿ ಬಿತ್ತನೆಗೆ ಇಟ್ಟ ಕಾಯಿಯನ್ನೂ ಕೊರೆಯುತ್ತದೆ.

ಆರಿಸಿದ ಬೀಜವನ್ನು ದೊಡ್ಡ ಬೋಗುಣಿಯಲ್ಲಿ ನೀರು ತುಂಬಿ ಸುರಿಯಿರಿ. ತೇಲಿದ್ದನ್ನೆಲ್ಲ ತೆಗೆದು ಬಿಸಾಡಿ, ಅವು ಟೊಳ್ಳು. ಮುಳುಗಿದ್ದನ್ನು ಎರಡೂ ಅಂಗೈ ನಡುವೆ ಉಜ್ಜಿ, ಮೂರು ನಾಲ್ಕು ನೀರಿನಲ್ಲಿ ತೊಳೆಯಿರಿ. ಹುಳಿಯ ಅಂಶ ಸ್ವಲ್ಪವೂ ಉಳಿಯಬಾರದು. ಉಳಿದರೆ ಹುರಿಯುವಾಗ ಅದರ ಸಕ್ಕರೆ ಸೀದು ಹೊಗೆಯೇಳುತ್ತದೆ, ಬೀಜದ ಮೈ ಕರ್ರಗಾಗಿ ಒಳಗೆ ಬೆಂದಿದೆಯೋ ಇಲ್ಲವೋ ತಿಳಿಯುವುದಿಲ್ಲ. ಉಪ್ಪು ಬೆರೆಸಿ ಇಟ್ಟ ಹುಣಸೆಹಣ್ಣಿನಿಂದ ತೆಗೆದ ಬೀಜವಾದರೆ ಇನ್ನೂ ಎರಡು ನೀರು ಹೆಚ್ಚು ತೊಳೆಯಿರಿ. ಉಪ್ಪು ಉಳಿದ ಬೀಜ ತೇವ ಎಳೆದುಕೊಳ್ಳುತ್ತಲೇ ಇರುತ್ತದೆ.

ತೊಳೆದದ್ದನ್ನು ಎರಡು ದಿನ ಬಿಸಿಲಿನಲ್ಲಿ ಹರವಿ. ಒಣಗಿದ ಬೀಜ ಕೈಯಲ್ಲಿ ಹಿಡಿದು ಅಲ್ಲಾಡಿಸಿದರೆ ಕಲ್ಲಿನಂತೆ ಸದ್ದು ಮಾಡಬೇಕು. ಬಿತ್ತನೆಗೆ ಬೇಕಾದಷ್ಟು ಬೀಜವನ್ನು ಈಗಲೇ ಬೇರೆ ಎತ್ತಿಡಿ. ಹುರಿದ ಮೇಲೆ ಮೊಳಕೆಯ ಮಾತೇ ಇಲ್ಲ.

ಹುರಿಯುವುದು

ಬೀಜವನ್ನು ಬರೀ ಬಾಣಲೆಯಲ್ಲಿ ಹುರಿದರೆ ತಳಕ್ಕೆ ತಾಗಿದ ಮಗ್ಗುಲು ಸೀಯುತ್ತದೆ, ಇನ್ನೊಂದು ಮಗ್ಗುಲು ಹಸಿಯಾಗಿಯೇ ಇರುತ್ತದೆ. ಬೀಜ ಚಪ್ಪಟೆ, ನುಣುಪು. ಬಾಣಲೆಯಲ್ಲಿ ಜಾರುತ್ತದೆಯೇ ಹೊರತು ಹೊರಳುವುದಿಲ್ಲ. ಅದಕ್ಕೇ ಮರಳು ಬೇಕು. ಪುರಿ ಹುರಿಯುವವರು ಬಳಸುವಂಥ ದಪ್ಪ ನದಿ ಮರಳನ್ನು ತೊಳೆದು, ಒಣಗಿಸಿ, ಜರಡಿ ಹಿಡಿದು ಧೂಳು ತೆಗೆಯಿರಿ. 1 ಕೆಜಿ ಬೀಜಕ್ಕೆ ಒಂದರಿಂದ ಒಂದೂವರೆ ಕೆಜಿ ಮರಳು. ಬೀಜ ಮುಳುಗುವಷ್ಟು ಮರಳು ಇರಬೇಕು ಎಂಬುದೇ ಲೆಕ್ಕ.

1. ದಪ್ಪ ತಳದ ಕಬ್ಬಿಣದ ಬಾಣಲೆಯಲ್ಲಿ ಮರಳನ್ನು ಮಾತ್ರ ಹಾಕಿ ದೊಡ್ಡ ಉರಿಯಲ್ಲಿ ಕಾಯಿಸಿ. ನೀರು ಚಿಮುಕಿಸಿದರೆ ತಕ್ಷಣ ಚುಂಯ್ ಎಂದು ಆರಿಹೋಗಬೇಕು.
2. ಉರಿ ಮಧ್ಯಮಕ್ಕೆ ಇಳಿಸಿ ಬೀಜ ಸುರಿಯಿರಿ. ಒಂದು ಸಲಕ್ಕೆ ಒಂದು ಕೆಜಿಗಿಂತ ಹೆಚ್ಚು ಬೇಡ. ಉದ್ದ ಹಿಡಿಯ ಸೌಟಿನಿಂದ ತಳದಿಂದ ಮೇಲಕ್ಕೆ ನಿಲ್ಲಿಸದೆ ತಿರುವಿ.
3. ಆರೇಳು ನಿಮಿಷಕ್ಕೆ ಚಟ್ ಚಟ್ ಸದ್ದು ಶುರುವಾಗುತ್ತದೆ. ಸಿಪ್ಪೆಯಲ್ಲಿ ಕೂದಲೆಳೆಯ ಬಿರುಕುಗಳು ಕಾಣುತ್ತವೆ, ಹೊಳಪು ಹೋಗಿ ಮೈ ಮಂಕಾಗುತ್ತದೆ.
4. ಹತ್ತನೇ ನಿಮಿಷದಿಂದ ನಿಮಿಷಕ್ಕೊಂದು ಬೀಜ ತೆಗೆದು ಕಲ್ಲಿನ ಮೇಲೆ ಗುಂಡಿನಿಂದ ಮೆಲ್ಲಗೆ ಕುಟ್ಟಿ ನೋಡಿ. ಸಿಪ್ಪೆ ಚೂರುಚೂರಾಗಿ ತಾನಾಗಿ ಉದುರಿದರೆ ಹದ ಬಂತು.
5. ಉರಿ ಆರಿಸಿ, ತಕ್ಷಣ ಕಬ್ಬಿಣದ ಜರಡಿಗೆ ಸುರಿದು ಮರಳು ಬೇರ್ಪಡಿಸಿ, ಬೀಜವನ್ನು ತಟ್ಟೆಯಲ್ಲಿ ತೆಳ್ಳಗೆ ಹರವಿ. ಬಾಣಲೆಯಲ್ಲೇ ಬಿಟ್ಟರೆ ಮರಳಿನ ಕಾವಿಗೇ ಇನ್ನೊಂದಷ್ಟು ಹುರಿದುಹೋಗುತ್ತದೆ.

ಹದ ಒಂದೇ ಅಲ್ಲ, ಎರಡಿವೆ. ಎಲ್ಲಕ್ಕೂ ಒಂದೇ ಥರ ಹುರಿದು ಆಮೇಲೆ ಅಂಟು ಹಿಡಿಯುತ್ತಿಲ್ಲ ಎನ್ನುವವರೇ ಹೆಚ್ಚು. ಅಂಟಿಗಾದರೆ ಸಿಪ್ಪೆ ಬಿಡಲು ಎಷ್ಟು ಬೇಕೋ ಅಷ್ಟೇ ಹುರಿಯಬೇಕು. ಬೀಜ ಸೀಳಿದರೆ ಒಳಗಿನ ಬೇಳೆ ಕೆನೆಬಣ್ಣದಲ್ಲೇ ಇರಬೇಕು. ಕಾವು ಹೆಚ್ಚಾದರೆ ಲೋಳೆಯಾಗುವ ಪದಾರ್ಥದ ಉದ್ದದ ಸರಪಳಿಗಳು ತುಂಡಾಗುತ್ತವೆ, ಎಷ್ಟು ಕಾಯಿಸಿದರೂ ಅಂಟು ನೀರುನೀರಾಗಿಯೇ ಉಳಿಯುತ್ತದೆ. ತಿನ್ನುವುದಕ್ಕಾದರೆ ಇನ್ನೂ ಮೂರು ನಾಲ್ಕು ನಿಮಿಷ ಬಿಟ್ಟು ಬೇಳೆ ತಿಳಿ ಕಂದು ಬಣ್ಣಕ್ಕೆ ತಿರುಗುವವರೆಗೆ ಹುರಿಯಿರಿ. ಪರಿಮಳ ಬರುವುದು ಆಗಲೇ. ಹಸಿ ಬೇಳೆಯಲ್ಲಿ ಪ್ರೋಟೀನ್ ಜೀರ್ಣವಾಗದಂತೆ ತಡೆಯುವ ಅಂಶವಿರುತ್ತದೆ, ಅದು ಕಾವಿಗೆ ನಾಶವಾಗುತ್ತದೆ. ಗಾಢ ಕಂದು ದಾಟಿದರೆ ಕಹಿ.

ಸೌದೆ ಒಲೆಯಾದರೆ ಮೇಲೆ ಹೇಳಿದ ನಿಮಿಷಗಳನ್ನು ನಂಬಬೇಡಿ. ಸದ್ದು ಮತ್ತು ಕುಟ್ಟುವ ಪರೀಕ್ಷೆಯನ್ನೇ ನಂಬಿ.

ಸಿಪ್ಪೆ ಬಿಡಿಸುವುದು

ಬೀಜ ಬೆಚ್ಚಗಿರುವಾಗಲೇ ಕೆಲಸ ಶುರು ಮಾಡಿ. ಪೂರ್ತಿ ತಣ್ಣಗಾದ ಮೇಲೆ ಬಿರುಕುಬಿಟ್ಟ ಸಿಪ್ಪೆಯೂ ಗಾಳಿಯ ತೇವ ಹೀರಿ ಮೆತ್ತಗಾಗಿ ಮತ್ತೆ ಕಚ್ಚಿಕೊಳ್ಳುತ್ತದೆ. ಒರಳಿನಲ್ಲಿ ನಾಲ್ಕೈದು ಹಿಡಿ ಹಾಕಿ ಒನಕೆಯನ್ನು ಎತ್ತಿ ಬಿಡಿ, ಬಲ ಹಾಕಿ ಕುಟ್ಟಬೇಡಿ. ಬೇಳೆ ಎರಡು ಹೋಳಾದರೆ ಸರಿ, ನುಚ್ಚಾದರೆ ಸಿಪ್ಪೆಯ ಚೂರಿನೊಂದಿಗೆ ಬೆರೆತು ಮೊರದಲ್ಲಿ ಕೇರಿದರೂ ಬೇರೆಯಾಗುವುದಿಲ್ಲ. ಒರಳಿಲ್ಲದವರು ದಪ್ಪ ಬಟ್ಟೆಯ ಚೀಲದಲ್ಲಿ ಹಾಕಿ ಮರದ ಹಲಗೆಯ ಮೇಲೆ ಲಟ್ಟಣಿಗೆಯಿಂದ ಉರುಳಿಸಿ ಒತ್ತಬಹುದು.

ಆಮೇಲೆ ಮೊರ. ಸಿಪ್ಪೆ ಹಗುರ, ಕೇರಿದರೆ ಹಾರುತ್ತದೆ. ಉಳಿದ ಬೇಳೆಯನ್ನು ಬಿಳಿ ಬಟ್ಟೆಯ ಮೇಲೆ ಹರವಿ ಕಣ್ಣಾಡಿಸಿ. ಕೆಲವು ಹೋಳುಗಳ ಬೆನ್ನಿಗೆ ಕೆಂಪು ತೇಪೆ ಅಂಟಿರುತ್ತದೆ. ಅವನ್ನು ಬೇರೆ ಮಾಡಿ ಮತ್ತೊಮ್ಮೆ ಎರಡು ನಿಮಿಷ ಹುರಿದು ಕುಟ್ಟಿ. 1 ಕೆಜಿ ಒಣ ಬೀಜಕ್ಕೆ ಕೈಕೆಲಸದಲ್ಲಿ 600ರಿಂದ 700 ಗ್ರಾಂ ಬೇಳೆ ಸಿಕ್ಕರೆ ಕೆಲಸ ಚೆನ್ನಾಗಿ ಆಗಿದೆ. ಅರ್ಧ ಕೆಜಿಗಿಂತ ಕಡಿಮೆ ಬಂದರೆ ನುಚ್ಚೆಲ್ಲ ಸಿಪ್ಪೆಯ ಜೊತೆ ಹಾರಿಹೋಗಿದೆ.

ಹುರಿಯದೆ ನೆನೆಸಿ ಸಿಪ್ಪೆ ತೆಗೆಯುವ ದಾರಿಯೂ ಇದೆ. ಬಿಸಿನೀರಿನಲ್ಲಿ ಹಾಕಿ, ದಿನಕ್ಕೆರಡು ಸಲ ನೀರು ಬದಲಿಸುತ್ತ ಎರಡು ಮೂರು ದಿನ ಬಿಟ್ಟರೆ ಸಿಪ್ಪೆ ಮೆತ್ತಗಾಗಿ ಉಗುರಿಗೆ ಸಿಗುತ್ತದೆ. ಕಾವು ತಾಗದ ಕಾರಣ ಅಂಟು ಬಿಳಿಯಾಗಿ, ಗಟ್ಟಿಯಾಗಿ ಬರುತ್ತದೆ. ಆದರೆ ಒಂದೊಂದೇ ಬೀಜ ಸುಲಿಯಬೇಕು, ನೀರು ಬದಲಿಸುವುದು ಮರೆತರೆ ಕೊಳೆತ ವಾಸನೆ, ಸುಲಿದ ಬೇಳೆಯನ್ನು ಅವತ್ತೇ ರುಬ್ಬಿ ಬಳಸಬೇಕು. ನೂರಿನ್ನೂರು ಗ್ರಾಮಿಗೆ ಸರಿ, ಅದಕ್ಕಿಂತ ಹೆಚ್ಚಿಗೆ ಬೇಡ.

ತಿನ್ನುವುದು

ಹುರಿದ ಬೇಳೆಯನ್ನು ನೇರವಾಗಿ ಕಡಿಯಲು ಹೋಗಬೇಡಿ, ಹಲ್ಲು ಮುರಿದೀತು. ರಾತ್ರಿಯಿಡೀ ಉಪ್ಪುನೀರಿನಲ್ಲಿ ನೆನೆಸಿ, ಬೆಳಿಗ್ಗೆ ನೀರು ಬಸಿದು ತಿಂದರೆ ಗಟ್ಟಿ ತೆಂಗಿನ ಚೂರಿನಂತೆ ಅಗಿಯಲು ಬರುತ್ತದೆ. ಹಳ್ಳಿಗಳಲ್ಲಿ ಹುರಿದ ಬೀಜವನ್ನು ದವಡೆಯಲ್ಲಿ ಇಟ್ಟುಕೊಂಡು ಗಂಟೆಗಟ್ಟಲೆ ಚಪ್ಪರಿಸುವುದುಂಟು. ಚಿಕ್ಕ ಮಕ್ಕಳ ಕೈಗೆ ಮಾತ್ರ ಕೊಡಬಾರದು, ಗಂಟಲಿಗೆ ಸಿಕ್ಕಿಕೊಳ್ಳುತ್ತದೆ.

ಉಸುಳಿಗೆ 100 ಗ್ರಾಂ ಹುರಿದ ಬೇಳೆಯನ್ನು ರಾತ್ರಿ ನೆನೆಸಿ, ಆ ನೀರು ಚೆಲ್ಲಿ, ಹೊಸ ನೀರಿನಲ್ಲಿ ಕುಕ್ಕರಿನಲ್ಲಿ ಏಳೆಂಟು ಸೀಟಿ ಕೂಗಿಸಿ. ಬೆಂದ ನೀರು ಬೆಂಡೆಕಾಯಿ ಲೋಳೆಯಂತಿರುತ್ತದೆ, ಅದನ್ನೂ ಬಸಿದು ಬೇಳೆಯನ್ನು ಒಮ್ಮೆ ತೊಳೆಯಿರಿ. ಸಾಸಿವೆ, ಕರಿಬೇವು, ಒಣಮೆಣಸಿನಕಾಯಿ ಒಗ್ಗರಣೆ, ಮೇಲೆ ಕಾಯಿತುರಿ. ರುಚಿ ಅವರೆ, ತೊಗರಿಯಷ್ಟು ಇರುತ್ತದೆ ಎಂದು ಹೇಳಿದರೆ ಸುಳ್ಳಾದೀತು. ಹೊಟ್ಟೆ ತುಂಬುತ್ತದೆ, ಅಷ್ಟೇ. ಬರಗಾಲದಲ್ಲಿ ಜನ ಇದನ್ನು ತಿಂದದ್ದು ಅದಕ್ಕೇ. ಮೊದಲ ಸಲ ತಿನ್ನುವವರು ಒಂದು ಹಿಡಿಗೆ ನಿಲ್ಲಿಸಿ, ಹೊಟ್ಟೆ ಹೇಗೆ ತೆಗೆದುಕೊಳ್ಳುತ್ತದೆ ನೋಡಿ.

ಹಿಟ್ಟಾಗಿ ಬಳಸುವುದಾದರೆ ಜೋಳ ಅಥವಾ ರಾಗಿ ಹಿಟ್ಟಿನ ಹತ್ತು ಪಾಲಿಗೆ ಇದು ಒಂದು ಪಾಲು. ಅಂಟು ಇರುವುದರಿಂದ ರೊಟ್ಟಿ ತಟ್ಟುವಾಗ ಅಂಚು ಬಿರಿಯುವುದಿಲ್ಲ. ಎರಡು ಪಾಲು ಹಾಕಿದರೆ ಹಿಟ್ಟು ಕೈಗೂ ಮಣೆಗೂ ಮೆತ್ತಿಕೊಂಡು ಬಿಡುವುದೇ ಇಲ್ಲ. ಬೇಳೆಯನ್ನು ಕಡುಕಂದಾಗಿ ಹುರಿದು ಪುಡಿ ಮಾಡಿ ಕಾಫಿಗೆ ಬದಲಾಗಿ ಕುದಿಸುವವರೂ ಇದ್ದಾರೆ. ಬಣ್ಣ ಬರುತ್ತದೆ, ಕೆಫೀನ್ ಇಲ್ಲ.

ಮೊಣಕಾಲು ನೋವಿಗೆ ಹುಣಸೆ ಬೀಜದ ಪುಡಿ ರಾಮಬಾಣ ಎಂಬ ವಿಡಿಯೊಗಳು ಮೊಬೈಲಿನಲ್ಲಿ ಹರಿದಾಡುತ್ತಲೇ ಇರುತ್ತವೆ. ಔಷಧಕ್ಕೆಂದು ಪರೀಕ್ಷಿಸುವುದು ಬೀಜದಿಂದ ತೆಗೆದ ಸಾರವನ್ನು, ನಿಗದಿತ ಪ್ರಮಾಣದಲ್ಲಿ. ಅಡುಗೆಮನೆಯ ಪುಡಿಗೆ ಆ ಲೆಕ್ಕ ಹೊಂದುವುದಿಲ್ಲ. ಆಹಾರವಾಗಿ ತಿನ್ನಿ, ಔಷಧಿಯೆಂದು ನಂಬಿ ನಡೆಯುತ್ತಿರುವ ಚಿಕಿತ್ಸೆ ಬಿಡಬೇಡಿ.

ಪುಡಿ ಮಾಡುವುದು

ಹೋಳುಗಳನ್ನು ಹಾಗೇ ಮಿಕ್ಸಿಗೆ ಹಾಕಿದರೆ ಬ್ಲೇಡಿನ ಅಂಚು ಮೊಂಡಾಗುತ್ತದೆ. ಮೊದಲು ಒರಳಿನಲ್ಲಿ ಗೋಧಿ ನುಚ್ಚಿನಷ್ಟು ಸಣ್ಣದಾಗಿ ಕುಟ್ಟಿ. ಆಮೇಲೆ 100 ಗ್ರಾಮಿನಂತೆ, ಇಪ್ಪತ್ತು ಸೆಕೆಂಡು ತಿರುಗಿಸಿ ನಿಲ್ಲಿಸಿ, ಮತ್ತೆ ತಿರುಗಿಸಿ. ಜಾರ್ ಬಿಸಿಯಾದರೆ ಬೇಳೆಯ ಎಣ್ಣೆ ಬಿಟ್ಟುಕೊಂಡು ಪುಡಿ ಗಂಟುಗಂಟಾಗಿ ಗೋಡೆಗೆ ಮೆತ್ತುತ್ತದೆ. ಮೈದಾ ಜರಡಿಯಲ್ಲಿ ಜಾಲಿಸಿ, ಉಳಿದ ತರಿಯನ್ನು ಮುಂದಿನ ಸುತ್ತಿಗೆ ಸೇರಿಸಿ. ನಾಲ್ಕೈದು ಕೆಜಿಗಿಂತ ಹೆಚ್ಚಿದ್ದರೆ ಹಿಟ್ಟಿನ ಗಿರಣಿಗೇ ಒಯ್ಯಿರಿ. ಗಿರಣಿಯವರು ಮುಖ ಸಿಂಡರಿಸುವುದು ಖಂಡಿತ. ದಿನದ ಕೊನೆಗೆ, ರಾಗಿ ಬೀಸಿ ಮುಗಿದ ಮೇಲೆ ಹೋಗಿ, ಕಲ್ಲು ಶುಚಿ ಮಾಡಲು ಒಂದಿಷ್ಟು ನುಚ್ಚಕ್ಕಿಯನ್ನೂ ಜೊತೆಗೆ ಒಯ್ದರೆ ಒಪ್ಪುತ್ತಾರೆ.

ಸರಿಯಾದ ಪುಡಿ ಕೆನೆಬಣ್ಣ, ಮುಟ್ಟಿದರೆ ನಯ. ಕೆಂಪು ಚುಕ್ಕಿಗಳು ಕಂಡರೆ ಸಿಪ್ಪೆ ಉಳಿದಿದೆ. ಗಾಳಿಯಾಡದ ಡಬ್ಬಿಯಲ್ಲಿ ಎರಡು ಮೂರು ತಿಂಗಳು ಇಡಬಹುದು. ಹಳೇ ಕೊಬ್ಬರಿಯ ಕನರು ವಾಸನೆ ಬಂದರೆ ಎಣ್ಣೆ ಕೆಟ್ಟಿದೆ, ಅಡುಗೆಗೆ ಬೇಡ, ಅಂಟಿಗೆ ನಡೆಯುತ್ತದೆ. ಹೆಚ್ಚು ದಿನ ಇಡಬೇಕಿದ್ದರೆ ಸಿಪ್ಪೆಯ ಸಮೇತ ಬೀಜವನ್ನೇ ಇಟ್ಟುಕೊಂಡು ಬೇಕಾದಾಗ ಹುರಿಯುವುದು ಜಾಣತನ.

ಅಂಟು ಕಾಯಿಸುವುದು

ಎಲ್ಲಕ್ಕಿಂತ ಹೆಚ್ಚು ಉಪಯೋಗ ಇಲ್ಲಿದೆ, ಹೆಚ್ಚು ಕೆಡುವುದೂ ಇಲ್ಲೇ. ಪುಸ್ತಕ ಕಟ್ಟಲು, ಕಾಗದದ ಕೆಲಸಕ್ಕೆ, ಗೊಂಬೆಗೆ ಆಗುವಂಥ ಗಟ್ಟಿ ಅಂಟಿಗೆ 50 ಗ್ರಾಂ ಪುಡಿ, ಒಟ್ಟು 600 ಮಿಲಿ ನೀರು.

ಮೊದಲು 150 ಮಿಲಿ ತಣ್ಣೀರನ್ನು ಪಾತ್ರೆಯಲ್ಲಿ ಹಾಕಿ, ಪುಡಿಯನ್ನು ಚಿಮುಕಿಸುತ್ತ ಕಲಸಿ. ಪುಡಿಯ ಮೇಲೆ ನೀರು ಸುರಿಯಬೇಡಿ, ನೀರಿಗೆ ಪುಡಿ ಹೋಗಬೇಕು. ಗಂಟಿಲ್ಲದಂತಾದ ಮೇಲೆ ಅರ್ಧ ಗಂಟೆ ಹಾಗೇ ಬಿಡಿ. ಉಳಿದ 450 ಮಿಲಿ ನೀರು ಕುದಿಯಲು ಇಟ್ಟು, ಕುದಿ ಬಂದ ಮೇಲೆ ಕಲಸಿದ್ದನ್ನು ಸಣ್ಣ ಧಾರೆಯಾಗಿ ಸುರಿಯುತ್ತ ಕೈಯಾಡಿಸಿ. ಉರಿ ಸಣ್ಣ ಮಾಡಿ 20-25 ನಿಮಿಷ ಕಾಯಿಸಿ. ಮೊದಲ ಐದು ನಿಮಿಷದಲ್ಲೇ ಗಟ್ಟಿಯಾದಂತೆ ಕಾಣುತ್ತದೆ, ಅಲ್ಲಿಗೆ ಇಳಿಸಿಬಿಡುವುದು ಎಲ್ಲರೂ ಮಾಡುವ ತಪ್ಪು. ಆಗ ಅದು ಸುಣ್ಣದ ನೀರಿನಂತೆ ಮಂಕಾಗಿರುತ್ತದೆ, ಬೆರಳ ನಡುವೆ ತರಿತರಿ. ಪೂರ್ತಿ ಬೆಂದ ಅಂಟು ಅರೆಪಾರದರ್ಶಕವಾಗುತ್ತದೆ, ಸೌಟಿನಿಂದ ಕಡಿಯದ ಎಳೆಯಾಗಿ ಇಳಿಯುತ್ತದೆ. ಹೆಬ್ಬೆರಳು ತೋರುಬೆರಳ ನಡುವೆ ಒತ್ತಿ ಬಿಡಿಸಿದರೆ ಎಳೆ ಒಂದೆರಡು ಅಂಗುಲ ಹಿಗ್ಗಬೇಕು. ತೆಳು ಬಟ್ಟೆಯಲ್ಲಿ ಸೋಸಿ ತಣಿಸಿ. ತಣಿದ ಮೇಲೆ ಇನ್ನಷ್ಟು ಗಟ್ಟಿಯಾಗುತ್ತದೆ.

ಅಂಟು ಬೂದುನೀಲಿಗೆ ತಿರುಗಿತೇ? ಕಬ್ಬಿಣದ ಬಾಣಲೆಯಲ್ಲಿ ಕಾಯಿಸಿದ್ದೀರಿ. ಉಳಿದ ಸಿಪ್ಪೆಯ ಚೂರಿನ ಟ್ಯಾನಿನ್ ಕಬ್ಬಿಣದೊಂದಿಗೆ ಸೇರಿದರೆ ಶಾಯಿಯ ಬಣ್ಣವೇ ಬರುತ್ತದೆ. ಹುರಿಯುವುದಕ್ಕೆ ಕಬ್ಬಿಣ, ಕಾಯಿಸುವುದಕ್ಕೆ ಸ್ಟೀಲು ಅಥವಾ ಮಣ್ಣಿನ ಪಾತ್ರೆ. ಒಣಗಿದ ಮೇಲೆ ಅಂಟು ಬಿರಿದು ಪುಡಿಪುಡಿಯಾಗಿ ಉದುರಿದರೆ ಪದರ ದಪ್ಪವಾಗಿದೆ. ಒಂದು ದಪ್ಪ ಪದರದ ಬದಲು ಎರಡು ತೆಳು ಪದರ ಹಚ್ಚಿ.

ಬೇಸಿಗೆಯಲ್ಲಿ ಮರುದಿನವೇ ಹುಳಿ ವಾಸನೆ, ಮೂರನೇ ದಿನಕ್ಕೆ ಬೂಷ್ಟು. ಹೆಚ್ಚು ದಿನ ಇಡಲು ಚಿಟಿಕೆ ಮೈಲುತುತ್ತ ಹಾಕುವ ರೂಢಿಯಿದೆ. ಮೈಲುತುತ್ತ ವಿಷ. ಹಾಕುವುದಾದರೆ ಪಾತ್ರೆ, ಸೌಟು ಎರಡೂ ಅಡುಗೆಮನೆಗೆ ವಾಪಸು ಬರಬಾರದು. ಅವತ್ತಿಗೆ ಬೇಕಾದಷ್ಟೇ ಕಾಯಿಸುವುದು ಎಷ್ಟೋ ವಾಸಿ.

ನೂಲಿಗೆ ಹಚ್ಚುವ ತೆಳು ಗಂಜಿಗೆ ಲೀಟರ್ ನೀರಿಗೆ 30 ಗ್ರಾಂ ಪುಡಿಯಿಂದ ಶುರು ಮಾಡಿ ನೂಲು ನೋಡಿ ಹೆಚ್ಚಿಸಿ. ಹತ್ತಿ ಸೀರೆಗೆ ಗಂಜಿಯಾಗಿ ಲೀಟರಿಗೆ 10 ಗ್ರಾಂ ಸಾಕು. ಬಿಳಿ ಬಟ್ಟೆಗೆ ಮಾತ್ರ ಬೇಡ, ಹಳದಿ ಛಾಯೆ ಉಳಿಯುತ್ತದೆ.

ಕಂಬಳಿ, ಕಿನ್ನಾಳ

ಈ ಅಂಟನ್ನು ಗಿರಣಿಗಳಿಗಿಂತ ಬಹಳ ಮೊದಲೇ ಪಳಗಿಸಿದವರು ಕಂಬಳಿ ನೇಯುವ ಕುರುಬರು. ಚಳ್ಳಕೆರೆ ಸೀಮೆಯಲ್ಲಿ ಇಂದಿಗೂ ಹಾಸಿನ, ಅಂದರೆ ಮಗ್ಗದಲ್ಲಿ ಉದ್ದಕ್ಕೆ ಹೂಡುವ ನೂಲಿಗೆ ಹುಣಸೆ ಬೀಜದ ‘ಸರಿ’ಯೇ (ಗಂಜಿಯೇ) ಬೇಕು. ದಖ್ಖನಿ ಕುರಿಯ ಉಣ್ಣೆ ಗಿಡ್ಡ, ಒರಟು. ಕೈಯಲ್ಲಿ ನೂತ ನೂಲಿನ ಮೈತುಂಬ ಕೂದಲು ಎದ್ದಿರುತ್ತವೆ. ಹಾಗೇ ಮಗ್ಗಕ್ಕೆ ಏರಿಸಿದರೆ ಪಕ್ಕಪಕ್ಕದ ಎಳೆಗಳು ಒಂದಕ್ಕೊಂದು ಸಿಕ್ಕಿಕೊಂಡು, ಹಣಿಗೆಗೆ ಉಜ್ಜಿ ತುಂಡಾಗುತ್ತವೆ. ಹುರಿದು, ಸಿಪ್ಪೆ ತೆಗೆದು, ನೆನೆಸಿ, ರುಬ್ಬಿ, ಕಾಯಿಸಿದ ಸರಿಯನ್ನು ಬಯಲಿನಲ್ಲಿ ಬಿಗಿಯಾಗಿ ಎಳೆದು ಕಟ್ಟಿದ ಹಾಸಿನ ಮೇಲೆ ಕುಂಚದಿಂದ ಹಚ್ಚುತ್ತಾರೆ. ಕುಂಚ ಒಂದೇ ದಿಕ್ಕಿಗೆ ಎಳೆಯಬೇಕು, ಆಗ ಎದ್ದ ಕೂದಲೆಲ್ಲ ಎಳೆಗೆ ಒರಗಿ ಕೂರುತ್ತದೆ. ಹಿಂದೆಮುಂದೆ ತಿಕ್ಕಿದರೆ ಕೂದಲು ಮತ್ತೆ ಏಳುತ್ತದೆ. ಹಚ್ಚಿದ ಮೇಲೆ ಎಳೆಗಳು ಒಂದಕ್ಕೊಂದು ಅಂಟದಂತೆ ಬಿಡಿಸುತ್ತಲೇ ಒಣಗಿಸಬೇಕು. ಇದಕ್ಕೆ ಬೆಳಗಿನ ಬಿಸಿಲೇ ಸರಿ. ಮೋಡ ಮುಚ್ಚಿದ ದಿನ ಹಚ್ಚಿದರೆ ಒಣಗದೆ ಬೂಷ್ಟು ಹಿಡಿಯುತ್ತದೆ. ಹೊಸ ಕಂಬಳಿ ತಗಡಿನಂತೆ ಸೆಟೆದು ನಿಲ್ಲುವುದು ಈ ಸರಿಯಿಂದಲೇ. ಬಳಸಿ ಒಗೆದಂತೆ ಮೆತ್ತಗಾಗುತ್ತದೆ.

ಕೊಪ್ಪಳ ಜಿಲ್ಲೆಯ ಕಿನ್ನಾಳದ ಚಿತ್ರಗಾರರ ಕೈಯಲ್ಲಿ ಇದೇ ಅಂಟು ಇನ್ನೊಂದು ರೂಪ ತಾಳುತ್ತದೆ. ನೆನೆಸಿ ಒಣಗಿಸಿ ಪುಡಿ ಮಾಡಿದ ಸೆಣಬಿನ ಚಿಂದಿ, ಮರದ ಹೊಟ್ಟು, ಹುಣಸೆ ಬೀಜದ ಅಂಟು ಮೂರನ್ನೂ ಕಲಸಿ ‘ಕಿಟ್ಟ’ ಮಾಡುತ್ತಾರೆ. ಹಗುರ ಮರದ ಗೊಂಬೆಯ ಭಾಗಗಳನ್ನು ಜೋಡಿಸಿ, ಮೈಗೆಲ್ಲ ಕಿಟ್ಟ ಮೆತ್ತಿ, ಅದರ ಮೇಲೆ ಇದೇ ಅಂಟಿನಿಂದ ಹತ್ತಿಯ ಚೂರು ಅಂಟಿಸಿ, ಆಮೇಲೆ ಕಲ್ಲುಪುಡಿಯ ಲೇಪ. ಬಣ್ಣ ಕೂರುವುದು ಆ ಲೇಪದ ಮೇಲೆ. ಒಡಿಶಾದ ಪಟಚಿತ್ರದವರೂ ಬಟ್ಟೆಯ ಪದರಗಳನ್ನು ಕೂಡಿಸಲು ಹುಣಸೆ ಬೀಜದ ಅಂಟನ್ನೇ ಹಚ್ಚಿ, ಮೇಲೆ ಸೀಮೆಸುಣ್ಣದ ಪುಡಿ ಬೆರೆಸಿದ ಲೇಪ ಕೊಡುತ್ತಾರೆ. ಮನೆಯಲ್ಲಿ ಮಣ್ಣಿನ, ಕಾಗದದ ಗೊಂಬೆ ಮಾಡುವವರು ನುಣ್ಣಗೆ ಜಾಲಿಸಿದ ಮರದ ಹೊಟ್ಟಿಗೆ ಗಟ್ಟಿ ಅಂಟನ್ನು ಚಪಾತಿ ಹಿಟ್ಟಿನ ಹದಕ್ಕೆ ಕಲಸಿ ಬಳಸಬಹುದು. ನೆರಳಲ್ಲೇ ಒಣಗಿಸಿ. ಬಿಸಿಲಿಗಿಟ್ಟರೆ ಮೇಲ್ಮೈ ಬೇಗ ಒಣಗಿ ಕುಗ್ಗಿ ಸೀಳುಬಿಡುತ್ತದೆ.

ಸಿಪ್ಪೆ, ಕವಡೆ, ಗಿಡ

ಕೇರಿ ತೆಗೆದ ಸಿಪ್ಪೆಯನ್ನು ಎಸೆಯಬೇಕಿಲ್ಲ. 100 ಗ್ರಾಂ ಸಿಪ್ಪೆಯನ್ನು 1 ಲೀಟರ್ ನೀರಿನಲ್ಲಿ ಒಂದು ಗಂಟೆ ಕುದಿಸಿ ಸೋಸಿದರೆ ಕೆಂಗಂದು ಬಣ್ಣದ ನೀರು. ಪಟಿಕದಲ್ಲಿ ಅದ್ದಿದ ಹತ್ತಿ ಬಟ್ಟೆಗೆ ಕಂದು ಬಣ್ಣ ಹಿಡಿಯುತ್ತದೆ. ತುಕ್ಕು ಹಿಡಿದ ಕಬ್ಬಿಣವನ್ನು ಬೆಲ್ಲದ ನೀರಿನಲ್ಲಿ ಎರಡು ಮೂರು ವಾರ ಹುಳಿಸಿ, ಆ ನೀರಿಗೆ ಅದ್ದಿದರೆ ಬೂದುಗಪ್ಪು. ಅಂಟನ್ನು ಕೆಡಿಸಿದ ರಸಾಯನವೇ ಇಲ್ಲಿ ಬಣ್ಣ ಕೊಡುತ್ತದೆ.

ಚೌಕಾಬಾರ ಆಡುವವರಿಗೆ ಕವಡೆ ಇಲ್ಲದಿದ್ದರೆ ಹುಣಸೆ ಬೀಜ ಇದ್ದೇ ಇದೆ. ಒಂದೇ ಗಾತ್ರದ ನಾಲ್ಕು ಬೀಜ ಆರಿಸಿ, ಒಂದೊಂದರ ಒಂದು ಮಗ್ಗುಲನ್ನು ಒರಟು ಕಲ್ಲಿಗೆ ನೀರು ಹಾಕಿ ತಿಕ್ಕಿ, ಕಂದು ಹೋಗಿ ಬಿಳಿ ಕಾಣುವವರೆಗೆ. ನಾಲ್ಕೂ ಬಿಳಿ ಮೇಲಾದರೆ ಚೌಕ, ನಾಲ್ಕೂ ಕಪ್ಪಾದರೆ ಬಾರ, ಎಂಟು ಮನೆ. ಹೆಚ್ಚು ತಿಕ್ಕಿ ತೆಳ್ಳಗೆ ಮಾಡಿದರೆ ಬೀಜ ಒಂದೇ ಮಗ್ಗುಲಿಗೆ ಬೀಳಲು ಶುರುವಾಗುತ್ತದೆ. ಆಟದಲ್ಲಿ ಜಗಳ ಬರುವುದು ಅಲ್ಲಿಂದಲೇ.

ಇನ್ನು ಬಿತ್ತನೆಗೆ ಎತ್ತಿಟ್ಟ ಬೀಜ. 24 ಗಂಟೆ ನೀರಿನಲ್ಲಿ ನೆನೆಸಿ, ಉಬ್ಬಿದ್ದನ್ನು ಮಾತ್ರ ಆರಿಸಿ, ಮಣ್ಣು, ಮರಳು, ಕೊಟ್ಟಿಗೆ ಗೊಬ್ಬರ ಬೆರೆಸಿದ ಚೀಲದಲ್ಲಿ ಒಂದೂವರೆ ಸೆಂಟಿಮೀಟರ್ ಆಳದಲ್ಲಿ ಊರಿ. ಒಂದೆರಡು ವಾರದಲ್ಲಿ ಮೊಳೆಯುತ್ತದೆ. ತಾಯಿಬೇರು ಬೇಗ ಇಳಿಯುವುದರಿಂದ ಉದ್ದದ ಚೀಲವೇ ಬೇಕು, ಗಿಡ್ಡ ಚೀಲದಲ್ಲಿ ಬೇರು ಸುರುಳಿ ಸುತ್ತಿಕೊಂಡು ಆಮೇಲೆ ಮರ ಗಾಳಿಗೆ ನಿಲ್ಲುವುದಿಲ್ಲ.

ಬೀಜದ ಗಿಡ ತಾಯಿಮರದಂತೆಯೇ ಇರುತ್ತದೆ ಎಂಬ ಭರವಸೆ ಇಲ್ಲ. ಹುಳಿ, ಬಣ್ಣ, ಕಾಯಿಯ ಉದ್ದ ಎಲ್ಲವೂ ಬದಲಾಗಬಹುದು. ದೇವನಹಳ್ಳಿ ಹತ್ತಿರದ ನಲ್ಲೂರು ಹುಣಸೆ ತೋಪನ್ನು 2007ರಲ್ಲಿ ದೇಶದ ಮೊದಲ ಜೀವವೈವಿಧ್ಯ ಪಾರಂಪರಿಕ ತಾಣವೆಂದು ಘೋಷಿಸಲಾಯಿತು. ಅಲ್ಲಿ ಸುತ್ತಾಡಿದರೆ ಮರಮರಕ್ಕೂ ಎಷ್ಟು ವ್ಯತ್ಯಾಸ ಎಂಬುದು ಕಣ್ಣಿಗೇ ಕಾಣುತ್ತದೆ. ಹಣ್ಣಿನ ಆದಾಯಕ್ಕೆ ತೋಟ ಮಾಡುವವರು ಕಸಿ ಗಿಡವನ್ನೇ ತರಬೇಕು. ಕಸಿ ಗಿಡ ನಾಲ್ಕೈದು ವರ್ಷಕ್ಕೆ ಕಾಯಿ ಬಿಟ್ಟರೆ ಬೀಜದ ಗಿಡಕ್ಕೆ ಏಳರಿಂದ ಹತ್ತು ವರ್ಷ ಕಾಯಬೇಕು. ತುಮಕೂರು ಸೀಮೆಯಲ್ಲೇ ಸಿಕ್ಕ ಉದ್ದನೆಯ, ತಿರುಳು ತುಂಬಿದ ಕಾಯಿಯ ‘ಲಕ್ಷ್ಮಣ’ ತಳಿಯನ್ನು ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆ ಗುರುತಿಸಿದೆ. ಬೀಜದ ಗಿಡವನ್ನು ಬೇಲಿ ಸಾಲಿಗೆ, ನೆರಳಿಗೆ, ಕಸಿಯ ಬೇರುಗಿಡಕ್ಕೆ ಇಟ್ಟುಕೊಳ್ಳಿ. ಗಿಡದಿಂದ ಗಿಡಕ್ಕೆ, ಸಾಲಿನಿಂದ ಸಾಲಿಗೆ 10 ಮೀಟರ್ ಅಂತರವಿರಲಿ. ಮೊದಲ ಎರಡು ಬೇಸಿಗೆ ನೀರು ಕೊಡಿ, ಆಡು ಮೇಯದಂತೆ ಮುಳ್ಳು ಕಟ್ಟಿ.